ಎರಡು ತುದಿಗೂ ಒಂದೇ ಹೆಸರು

ನಿಮ್ಮ ಕಚೇರಿಯ ನೆಟ್‌ವರ್ಕ್ ರ‍್ಯಾಕಿನ ಬಾಗಿಲು ತೆರೆಯಿರಿ. ಕಣ್ಣಿಗೆ ಬಿದ್ದ ಯಾವುದಾದರೂ ಒಂದು ಕೇಬಲ್ಲಿನ ಮೇಲೆ ಬೆರಳಿಡಿ. ಅದು ಯಾವ ಮಹಡಿಯ, ಯಾವ ಕೋಣೆಯ, ಯಾವ ಗೋಡೆಗೆ ಹೋಗುತ್ತದೆ ಎಂದು ಅರ್ಧ ನಿಮಿಷದಲ್ಲಿ ಹೇಳಬಲ್ಲಿರಾ? ಕೇಬಲ್ಲನ್ನು ಎಳೆದು ನೋಡುವಂತಿಲ್ಲ, ಯಾರಿಗೂ ಫೋನ್ ಮಾಡುವಂತಿಲ್ಲ. ಹೇಳಲಾಗದಿದ್ದರೆ ನಿಮ್ಮ ಕಟ್ಟಡದಲ್ಲಿ ತಂತಿಗಳಿವೆ, ಅವುಗಳ ಲೆಕ್ಕವಿಲ್ಲ.

ಕೆಲವು ವರ್ಷಗಳ ಹಿಂದೆ ಒಂದು ಪದವಿ ಕಾಲೇಜಿನಲ್ಲಿ ಇಂಥ ರ‍್ಯಾಕಿನ ಮುಂದೆ ಬೆಳಗಿನ ಹೊತ್ತೆಲ್ಲ ನಿಂತಿದ್ದೆ. ಪ್ರವೇಶಾತಿ ನಡೆಯುತ್ತಿದ್ದ ದಿನ. ಶುಲ್ಕ ಕಟ್ಟಿಸಿಕೊಳ್ಳುವ ಕೌಂಟರಿನ ಕಂಪ್ಯೂಟರಿಗೆ ನೆಟ್‌ವರ್ಕ್ ಇಲ್ಲ. ಹೊರಗೆ ಮಕ್ಕಳು, ಅವರ ತಂದೆ ತಾಯಂದಿರು ಸಾಲುಗಟ್ಟಿ ನಿಂತಿದ್ದರು. ರ‍್ಯಾಕಿನಲ್ಲಿ ಎಪ್ಪತ್ತಕ್ಕೂ ಹೆಚ್ಚು ಕೇಬಲ್. ಬಹುಪಾಲಿಗೆ ಹೆಸರೇ ಇಲ್ಲ, ಹತ್ತಾರಕ್ಕೆ ಮಾತ್ರ ಸೆಲ್ಲೋಟೇಪ್ ಸುತ್ತಿ ಪೆನ್ನಿನಲ್ಲಿ ಬರೆದಿತ್ತು. ‘ಪ್ರಿನ್ಸಿಪಾಲ್ ರೂಮ್’ ಎಂದು ಬರೆದಿದ್ದ ಕೇಬಲ್ಲಿನ ಜಾಡು ಹಿಡಿದು ಹೋದರೆ ಅದು ಕ್ರೀಡಾ ಸಾಮಗ್ರಿ ಇಡುವ ಕೋಣೆಯಲ್ಲಿ ಮುಗಿಯಿತು. ಪ್ರಿನ್ಸಿಪಾಲರು ಎರಡು ವರ್ಷದ ಹಿಂದೆಯೇ ಮೇಲಿನ ಮಹಡಿಗೆ ಹೋಗಿದ್ದರು. ಕೇಬಲ್ ಎಳೆದಿದ್ದ ಹುಡುಗನಿಗೆ ಎಲ್ಲವೂ ಬಾಯಿಪಾಠವಾಗಿತ್ತಂತೆ, ಆದರೆ ಅವನು ಊರು ಬಿಟ್ಟಿದ್ದ. ಕೊನೆಗೆ ಸಿಕ್ಕ ದೋಷ ಬಹಳ ಸಣ್ಣದು. ಒಂದು ಪ್ಯಾಚ್ ಕಾರ್ಡಿನ ಪ್ಲಾಸ್ಟಿಕ್ ಕೊಕ್ಕೆ ಮುರಿದು ತುದಿ ಸಡಿಲವಾಗಿತ್ತು. ಬದಲಿಸಲು ಒಂದು ನಿಮಿಷ ಹಿಡಿಯಿತು, ಅದು ಯಾವ ಕಾರ್ಡ್ ಎಂದು ತಿಳಿಯಲು ಮೂರು ಗಂಟೆ.

ಆ ಮೂರು ಗಂಟೆಯನ್ನು ಉಳಿಸುವ ಕೆಲಸವೇ ಲೇಬಲ್ ಮತ್ತು ದಾಖಲೆ. ಇದಕ್ಕೆ ದೊಡ್ಡ ಖರ್ಚು ಬೇಕಿಲ್ಲ. ಒಂದು ಕ್ರಮ ಬೇಕು, ಅದನ್ನು ಮುರಿಯದ ಶಿಸ್ತು ಬೇಕು.

ನೆಟ್ಟ ತಂತಿ, ಓಡಾಡುವ ತಂತಿ

ಹೆಸರಿಡುವ ಮೊದಲು ತಂತಿಯ ದಾರಿ ತಿಳಿದಿರಬೇಕು. ಗೋಡೆಯ ಮೇಲಿನ ಪಾಯಿಂಟಿನಿಂದ ಶುರುಮಾಡೋಣ. ಕೆಲಸಗಾರರ ಮಾತಿನಲ್ಲಿ ಅದು ‘ಐಒ’. ಅಲ್ಲಿಂದ ಹೊರಟ ಕೇಬಲ್ ಕೇಸಿಂಗ್ ಪಟ್ಟಿಯೊಳಗೋ ಗೋಡೆಯೊಳಗಿನ ಪೈಪಿನಲ್ಲೋ ಮೇಲೇರಿ, ಫಾಲ್ಸ್ ಸೀಲಿಂಗಿನ ಮೇಲಿರುವ ಕೇಬಲ್ ಟ್ರೇಗೆ ಸೇರುತ್ತದೆ. ಅಲ್ಲಿ ಹತ್ತಾರು ಕೇಬಲ್‌ಗಳ ಕಟ್ಟಿನಲ್ಲಿ ಒಂದಾಗಿ ಆ ಮಹಡಿಯ ರ‍್ಯಾಕ್ ಕೋಣೆಗೆ ಬಂದು, ಪ್ಯಾಚ್ ಪ್ಯಾನಲ್ಲಿನ ಹಿಂಬದಿಯಲ್ಲಿ ಪಂಚ್ ಆಗುತ್ತದೆ, ಅಂದರೆ ಅದರ ಎಳೆಗಳನ್ನು ಅಲ್ಲಿ ಒತ್ತಿ ಕೂರಿಸುತ್ತಾರೆ. ಅದರ ಪ್ರಯಾಣ ಅಲ್ಲಿಗೆ ಮುಗಿಯಿತು. ಪ್ಯಾನಲ್ಲಿನ ಮುಂಬದಿಯಿಂದ ನೆಟ್‌ವರ್ಕ್ ಸ್ವಿಚ್ಚಿಗೆ ಹೋಗುವುದು ಇನ್ನೊಂದು ತುಂಡು, ಅದು ಪ್ಯಾಚ್ ಕಾರ್ಡ್. ಗೋಡೆಯ ಪಾಯಿಂಟಿನಿಂದ ಕಂಪ್ಯೂಟರಿಗೂ ಅಂಥದೇ ಒಂದು ತುಂಡು.

ತಾಮ್ರದ ಕೇಬಲ್ಲಿಗೆ ಉದ್ದದ ಮಿತಿಯಿದೆ. ಗೋಡೆಯ ಪಾಯಿಂಟಿನಿಂದ ಪ್ಯಾಚ್ ಪ್ಯಾನಲ್‌ವರೆಗೆ 90 ಮೀಟರ್, ಎಲ್ಲ ಪ್ಯಾಚ್ ಕಾರ್ಡ್‌ಗಳೂ ಸೇರಿ 10 ಮೀಟರ್, ಒಟ್ಟು 100 ಮೀಟರ್. ದೊಡ್ಡ ಕಟ್ಟಡದಲ್ಲಿ ಮಹಡಿಗೊಂದು ರ‍್ಯಾಕ್ ಕೋಣೆ ಬೇಕಾಗುವುದಕ್ಕೆ ಇದು ಮುಖ್ಯ ಕಾರಣ. ಆ ಕೋಣೆಗಳನ್ನು ಒಂದಕ್ಕೊಂದು ಬೆಸೆಯುವ ಬೆನ್ನೆಲುಬಿನ ಕೇಬಲ್, ಸಾಮಾನ್ಯವಾಗಿ ಫೈಬರ್, ಶಾಫ್ಟಿನೊಳಗೆ ಇಳಿದು ಮುಖ್ಯ ಕೋಣೆ ಸೇರುತ್ತದೆ. ಹೊರಗಿನ ಸೇವಾ ಕಂಪನಿಯ ತಂತಿ ಕಟ್ಟಡದೊಳಗೆ ಬಂದು ಒಂದು ಜಾಗದಲ್ಲಿ ನಿಲ್ಲುತ್ತದೆ. ಅಲ್ಲಿಯವರೆಗಿನ ದೋಷಕ್ಕೆ ಕಂಪನಿ ಹೊಣೆ, ಅಲ್ಲಿಂದ ಒಳಗಿನದಕ್ಕೆ ಕಟ್ಟಡದವರೇ ಹೊಣೆ.

ಈ ದಾರಿಯಲ್ಲಿ ಎರಡು ಜಾತಿಯ ತಂತಿಗಳಿವೆ. ಗೋಡೆಯಿಂದ ಪ್ಯಾನಲ್‌ಗೆ ಬರುವುದು ನೆಟ್ಟ ತಂತಿ. ಕಟ್ಟಡ ಒಡೆಯುವವರೆಗೂ ಅದು ಇದ್ದಲ್ಲೇ ಇರುತ್ತದೆ. ಪ್ಯಾಚ್ ಕಾರ್ಡ್ ಓಡಾಡುವ ತಂತಿ. ಇವತ್ತು 17ನೇ ಪೋರ್ಟಿನಲ್ಲಿದ್ದದ್ದು ನಾಳೆ 20ಕ್ಕೆ ಹೋಗಬಹುದು. ನಾವು ಮಾಡುವ ತಪ್ಪುಗಳಲ್ಲಿ ಹೆಚ್ಚಿನವು ಈ ಎರಡನ್ನೂ ಒಂದೇ ರೀತಿ ಹೆಸರಿಸುವುದರಿಂದ ಬಂದಂಥವು.

ಸರ್ವೆ ನಂಬರಿನ ನ್ಯಾಯ

ನಮ್ಮ ಹಳ್ಳಿಗಳಲ್ಲಿ ಜಮೀನಿನ ಲೆಕ್ಕ ಹೇಗಿದೆ ನೋಡಿ. ಹೊಲಕ್ಕೊಂದು ಸರ್ವೆ ನಂಬರ್ ಇರುತ್ತದೆ. ಅಜ್ಜ ತೀರಿಕೊಂಡು ಮೊಮ್ಮಗನ ಕೈಗೆ ಬಂದರೂ, ರಾಗಿ ಬಿಟ್ಟು ಅಡಿಕೆ ಹಾಕಿದರೂ, ಬೇರೆಯವರಿಗೆ ಮಾರಿದರೂ ಆ ನಂಬರ್ ಬದಲಾಗುವುದಿಲ್ಲ. ಒಡೆಯ ಯಾರು, ಬೆಳೆ ಏನು, ಸಾಲ ಎಷ್ಟು ಎಂಬುದೆಲ್ಲ ಪಹಣಿಯ ಕಾಲಂಗಳಲ್ಲಿರುತ್ತದೆ. ಬದಲಾಗುವ ಸಂಗತಿಗಳು ಪಹಣಿಗೆ ಹೋಗುತ್ತವೆ, ನೆಲದ ಗುರುತು ನೆಲದ ಜೊತೆಗೇ ಉಳಿಯುತ್ತದೆ.

ಕೇಬಲ್ಲಿಗೂ ಇದೇ ನ್ಯಾಯ. ‘ಪ್ರಿನ್ಸಿಪಾಲ್ ರೂಮ್’, ‘ಅಕೌಂಟ್ಸ್’, ‘ಹೊಸ ಪ್ರಿಂಟರ್’ ಎಂದು ಬರೆಯುವುದು ಹೊಲಕ್ಕೆ ಈ ವರ್ಷದ ಬೆಳೆಯ ಹೆಸರಿಟ್ಟಂತೆ. ಬೆಳೆ ಬದಲಾದ ದಿನ ಆ ಹೆಸರು ಸುಳ್ಳಾಗುತ್ತದೆ. ಹೆಸರೇ ಇಲ್ಲದ ಕೇಬಲ್ಲಿಗಿಂತ ಸುಳ್ಳು ಹೆಸರಿನ ಕೇಬಲ್ ಹೆಚ್ಚು ಅಪಾಯದ್ದು. ಹೆಸರಿಲ್ಲದ್ದನ್ನು ಮುಟ್ಟುವವರು ಎಚ್ಚರದಿಂದ ಮುಟ್ಟುತ್ತಾರೆ, ಸುಳ್ಳು ಹೆಸರನ್ನು ನಂಬಿದವರು ಧೈರ್ಯವಾಗಿ ಕಿತ್ತುಬಿಡುತ್ತಾರೆ.

ಹಾಗಾಗಿ ಮೊದಲ ನಿಯಮ ಇದು: ಗುರುತು ಸ್ಥಳದಿಂದ ಹುಟ್ಟಬೇಕು, ಬಳಕೆಯಿಂದ ಅಲ್ಲ.

ಈ ವಿಷಯಕ್ಕೆಂದೇ ಒಂದು ಮಾನಕವಿದೆ. ಅಮೆರಿಕದ ದೂರಸಂಪರ್ಕ ಉದ್ಯಮ ಸಂಘಟನೆ ಟಿಐಎ ರೂಪಿಸಿದ 606 ಸಂಖ್ಯೆಯ ಮಾನಕ 1993ರಲ್ಲಿ ಮೊದಲು ಹೊರಬಂತು. 2002ರಲ್ಲಿ 606-ಎ, 2012ರಲ್ಲಿ 606-ಬಿ, 2017ರಲ್ಲಿ 606-ಸಿ, 2021ರಲ್ಲಿ 606-ಡಿ ಎಂದು ಪರಿಷ್ಕಾರಗೊಂಡಿದೆ. ಭಾರತದ ದೊಡ್ಡ ಕಚೇರಿಗಳ ಟೆಂಡರುಗಳಲ್ಲೂ ಇದರ ಹೆಸರು ಕಾಣಸಿಗುತ್ತದೆ. ಕಟ್ಟಡಗಳನ್ನು ಅದು ನಾಲ್ಕು ವರ್ಗವಾಗಿ ನೋಡುತ್ತದೆ. ಒಂದೇ ರ‍್ಯಾಕ್ ಕೋಣೆಯಿಂದ ಎಲ್ಲ ಪಾಯಿಂಟುಗಳಿಗೂ ಕೇಬಲ್ ಹೋಗುವಂಥದು ಮೊದಲನೆಯ ವರ್ಗ. ಒಂದೇ ಕಟ್ಟಡದಲ್ಲಿ ಹಲವು ರ‍್ಯಾಕ್ ಕೋಣೆಗಳಿದ್ದರೆ ಎರಡನೆಯದು. ಹಲವು ಕಟ್ಟಡಗಳ ಆವರಣ ಮೂರನೆಯದು. ಬೇರೆ ಬೇರೆ ಊರುಗಳಲ್ಲಿ ಆವರಣಗಳಿರುವ ಸಂಸ್ಥೆ ನಾಲ್ಕನೆಯದು. ವರ್ಗ ಮೇಲೇರಿದಂತೆ ಹಳೆಯ ಗುರುತಿನ ಮುಂದೆ ಕಟ್ಟಡದ, ಊರಿನ ಗುರುತು ಸೇರುತ್ತ ಹೋಗುತ್ತದೆ. ಸಂಸ್ಥೆ ಬೆಳೆದಾಗ ಹಳೆಯ ಲೇಬಲ್‌ಗಳನ್ನು ಕಿತ್ತು ಮತ್ತೆ ಅಂಟಿಸಬೇಕಾಗುವುದಿಲ್ಲ.

1ಎ-ಬಿ17 ಎಂದರೆ ಏನು?

ಮೂರು ಮಹಡಿಯ ಒಂದು ಕಾಲೇಜು ಕಟ್ಟಡವನ್ನು ಕಣ್ಣ ಮುಂದೆ ತಂದುಕೊಳ್ಳಿ. ಮಹಡಿಗೊಂದು ರ‍್ಯಾಕ್ ಕೋಣೆ, ಪ್ರತಿ ರ‍್ಯಾಕಿನಲ್ಲೂ 24 ಪೋರ್ಟಿನ ಎರಡು ಪ್ಯಾಚ್ ಪ್ಯಾನಲ್. ಗ್ರಂಥಾಲಯದ ಒಂದು ಪಾಯಿಂಟಿನ ಗುರುತು 1ಎ-ಬಿ17. ಲೇಬಲ್ಲಿನ ಮೇಲೆ ಇದನ್ನು ಇಂಗ್ಲಿಷಿನ ದೊಡ್ಡಕ್ಷರಗಳಲ್ಲಿ ಅಚ್ಚುಹಾಕುವುದು ರೂಢಿ. ಓದುವ ಕ್ರಮ ಹೀಗೆ: 1 ಎಂದರೆ ಮಹಡಿ, ಎ ಎಂದರೆ ಆ ಮಹಡಿಯ ರ‍್ಯಾಕ್ ಕೋಣೆ, ಬಿ ಎಂದರೆ ಎರಡನೆಯ ಪ್ಯಾಚ್ ಪ್ಯಾನಲ್, 17 ಎಂದರೆ ಅದರ ಪೋರ್ಟು. ಗ್ರಂಥಾಲಯದ ಗೋಡೆಯ ಮೇಲೆ ಇದನ್ನು ಓದಿದವರು ನೇರವಾಗಿ ಒಂದನೇ ಮಹಡಿಯ ರ‍್ಯಾಕಿಗೆ ಹೋಗಿ ಬಿ ಪ್ಯಾನಲ್ಲಿನ 17ನೇ ಪೋರ್ಟಿನ ಮೇಲೆ ಕೈಯಿಡಬಹುದು. ಹೆಸರೇ ದಾರಿ ತೋರಿಸಿತು.

ಗೋಡೆಯ ಪಾಯಿಂಟಿಗೂ, ಕೇಬಲ್ಲಿನ ಎರಡು ತುದಿಗಳಿಗೂ, ಪ್ಯಾನಲ್ಲಿನ ಪೋರ್ಟಿಗೂ ಇದೊಂದೇ ಗುರುತು ಎಂಬುದನ್ನು ಗಮನಿಸಿ. ಗೋಡೆಯಲ್ಲಿ ‘ಲೈಬ್ರರಿ 3’, ರ‍್ಯಾಕಿನಲ್ಲಿ ‘41’ ಎಂದು ಎರಡು ಹೆಸರಿಟ್ಟರೆ ಅವೆರಡನ್ನೂ ಹೊಂದಿಸಲು ಮೂರನೆಯದೊಂದು ಪಟ್ಟಿ ಬೇಕಾಗುತ್ತದೆ. ಆ ಪಟ್ಟಿ ಕಳೆದ ದಿನ ಎರಡು ಹೆಸರುಗಳೂ ದಂಡ.

ದೊಡ್ಡ ಸರ್ವರ್ ಕೋಣೆಗಳಿಗೆ ಮಾನಕದ ಈಚಿನ ಆವೃತ್ತಿಗಳು ಇನ್ನೂ ನಿಖರವಾದ ರೂಪ ಕೊಟ್ಟಿವೆ. ಪ್ಯಾನಲ್ಲಿಗೆ ಎ, ಬಿ ಎಂದು ಹೆಸರಿಡುವ ಬದಲು ಅದು ರ‍್ಯಾಕಿನಲ್ಲಿ ಎಷ್ಟು ಎತ್ತರದಲ್ಲಿದೆ ಎಂಬುದೇ ಗುರುತಾಗುತ್ತದೆ. ರ‍್ಯಾಕಿನ ಎತ್ತರವನ್ನು ‘ಯು’ ಎಂಬ ಅಳತೆಯಲ್ಲಿ ಎಣಿಸುತ್ತಾರೆ. ಒಂದು ಯು 44.45 ಮಿಲಿಮೀಟರ್, ಎಣಿಕೆ ಕೆಳಗಿನಿಂದ ಮೇಲಕ್ಕೆ. ಹೀಗಾಗಿ ಎರಡು ಪ್ಯಾನಲ್‌ಗಳ ನಡುವೆ ಹೊಸದೊಂದು ಬಂದು ಕೂತರೂ ಹಳೆಯವುಗಳ ಹೆಸರು ಕೆಡುವುದಿಲ್ಲ.

ಬೆನ್ನೆಲುಬಿನ ಕೇಬಲ್ಲಿಗೆ ಎರಡೂ ಕೊನೆಗಳ ಹೆಸರು ಸೇರಿಸಿ ಗುರುತು ಕೊಡುತ್ತಾರೆ. 1ಎ/2ಎ-1 ಎಂದರೆ ಒಂದನೇ ಮಹಡಿಯ ಎ ಕೋಣೆಗೂ ಎರಡನೇ ಮಹಡಿಯ ಎ ಕೋಣೆಗೂ ನಡುವಿನ ಮೊದಲ ಕೇಬಲ್. ಜಮೀನಿನ ಪತ್ರದಲ್ಲಿ ಚಕ್ಕುಬಂದಿ ಬರೆದಂತೆ, ಎಲ್ಲಿಂದ ಎಲ್ಲಿಗೆ ಎಂಬುದು ಹೆಸರಿನಲ್ಲೇ ಇರುತ್ತದೆ.

ನಮ್ಮ ಕಟ್ಟಡಗಳಲ್ಲಿ ಇಲ್ಲೊಂದು ತೊಡಕಿದೆ. ಕೆಲವರು ನೆಲಮಹಡಿಯನ್ನು ಸೊನ್ನೆ ಎನ್ನುತ್ತಾರೆ, ಕೆಲವರು ಜಿ ಎನ್ನುತ್ತಾರೆ, ಇನ್ನು ಕೆಲವರಿಗೆ ಅದೇ ಒಂದನೇ ಮಹಡಿ. ಲಿಫ್ಟಿನ ಗುಂಡಿಯ ಮೇಲೆ ಏನಿದೆಯೋ, ಕಟ್ಟಡದ ನಕ್ಷೆಯಲ್ಲಿ ಏನಿದೆಯೋ ಅದನ್ನೇ ಹಿಡಿಯಿರಿ. ಇಂಗ್ಲಿಷಿನ ಐ ಮತ್ತು ಒ ಅಕ್ಷರಗಳನ್ನು ಕೋಣೆಗೂ ಪ್ಯಾನಲ್ಲಿಗೂ ಬಳಸಬೇಡಿ. ಸಣ್ಣ ಲೇಬಲ್ಲಿನಲ್ಲಿ ಅವು ಒಂದು ಮತ್ತು ಸೊನ್ನೆಯಂತೆ ಕಾಣುತ್ತವೆ. ಅಂಕಿಗಳನ್ನು 7 ಎನ್ನದೆ 07 ಎಂದು ಬರೆಯಿರಿ. ಕಂಪ್ಯೂಟರಿನಲ್ಲಿ ಪಟ್ಟಿ ಮಾಡಿದಾಗ 10ರ ನಂತರ 2 ಬರುವ ಗೊಂದಲ ಇರುವುದಿಲ್ಲ.

ಕೇಬಲ್ ಎಳೆಯುವ ದಿನವೇ ಕೆಲಸ ಶುರು

ಲೇಬಲ್ ಅಂಟಿಸುವುದು ಕೊನೆಯ ದಿನದ ಕೆಲಸ ಎಂದು ತಿಳಿದವರೇ ಹೆಚ್ಚು. ಆ ಹೊತ್ತಿಗೆ 48 ನೀಲಿ ತುದಿಗಳು ರ‍್ಯಾಕಿನಲ್ಲಿ ನೇತಾಡುತ್ತಿರುತ್ತವೆ, ಯಾವುದು ಯಾವುದೆಂದು ಯಾರಿಗೂ ಗೊತ್ತಿರುವುದಿಲ್ಲ. ಆದ್ದರಿಂದ ಕೇಬಲ್ ಪೆಟ್ಟಿಗೆಯಿಂದ ಹೊರಬರುವಾಗಲೇ ತುದಿಗೆ ಮಾರ್ಕರಿನಲ್ಲಿ ನಂಬರ್ ಬರೆಯಬೇಕು. ಕೊನೆಯ ಒಂದು ಮೀಟರಿನಲ್ಲಿ ಮೂರು ನಾಲ್ಕು ಕಡೆ ಬರೆದಿರಬೇಕು, ಏಕೆಂದರೆ ತುದಿಯನ್ನು ಕತ್ತರಿಸಿ ಪಂಚ್ ಮಾಡುವಾಗ ಬರೆದ ಭಾಗವೇ ಕಸಕ್ಕೆ ಹೋಗಬಹುದು. ಪೆಟ್ಟಿಗೆಯ ಕಡೆ ಕತ್ತರಿಸಿದ ತಕ್ಷಣ ಆ ತುದಿಗೂ ಅದೇ ನಂಬರ್.

ಕೇಬಲ್ಲಿನ ಮೈಮೇಲೆ ಉದ್ದದ ಅಂಕಿಗಳು ಅಚ್ಚಾಗಿರುತ್ತವೆ. ಸಾಮಾನ್ಯವಾಗಿ ಒಂದು ಪೆಟ್ಟಿಗೆಯಲ್ಲಿ 305 ಮೀಟರ್ ಕೇಬಲ್ ಇರುತ್ತದೆ. ಎರಡೂ ತುದಿಗಳ ಅಂಕಿಯನ್ನು ಬರೆದುಕೊಂಡು ಒಂದರಿಂದ ಇನ್ನೊಂದನ್ನು ಕಳೆದರೆ ಆ ಕೇಬಲ್ಲಿನ ಉದ್ದ ಸಿಕ್ಕಿತು. ಮುಂದೆ ಟೆಸ್ಟರ್ ‘31 ಮೀಟರಿನಲ್ಲಿ ತುಂಡಾಗಿದೆ’ ಎಂದಾಗ, ದೋಷ ಯಾವ ಕೋಣೆಯ ಮೇಲಿದೆ ಎಂದು ಅಂದಾಜು ಮಾಡಲು ಈ ಲೆಕ್ಕ ನೆರವಾಗುತ್ತದೆ.

ಕಾಯಂ ಲೇಬಲ್ಲನ್ನು ಕೇಬಲ್ಲಿನ ಎರಡೂ ತುದಿಗಳಲ್ಲಿ, ಹೊರಕವಚ ಮುಗಿಯುವ ಜಾಗದಿಂದ 300 ಮಿಲಿಮೀಟರಿನೊಳಗೆ ಅಂಟಿಸಬೇಕು. ಕಟ್ಟುಗಳನ್ನು ಬಿಗಿದ ಮೇಲೂ ಅದು ಕಣ್ಣಿಗೆ ಕಾಣಬೇಕು. ಕೈಬರಹ ಬೇಡ, ಯಂತ್ರದ ಅಚ್ಚೇ ಆಗಬೇಕು. ಸೆಲ್ಲೋಟೇಪ್ ಮಲೆನಾಡಿನ ಮಳೆಗಾಲದಲ್ಲಿ ಬಿಚ್ಚಿಕೊಳ್ಳುತ್ತದೆ, ಬಯಲುಸೀಮೆಯ ಬೇಸಿಗೆಯಲ್ಲಿ ಒಣಗಿ ಉದುರುತ್ತದೆ. ಕೇಬಲ್ಲಿಗೆಂದೇ ಸಿಗುವ ವಿನೈಲ್ ಲೇಬಲ್ಲಿನಲ್ಲಿ ಅಚ್ಚಾಗುವ ಬಿಳಿಭಾಗವೊಂದು, ಅದರ ಕೆಳಗೆ ಪಾರದರ್ಶಕ ಬಾಲವೊಂದು ಇರುತ್ತದೆ. ಬಿಳಿಭಾಗವನ್ನು ಮೊದಲು ಸುತ್ತಿ, ಬಾಲವನ್ನು ಅದರ ಮೇಲೆ ಸುತ್ತಿದರೆ ಅಕ್ಷರಗಳಿಗೆ ತಾನಾಗಿ ಹೊದಿಕೆಯಾಗುತ್ತದೆ. ಒಂದೇ ಗುರುತನ್ನು ಎರಡು ಮೂರು ಸಾಲಾಗಿ ಅಚ್ಚುಹಾಕಿದರೆ ಕೇಬಲ್ಲನ್ನು ತಿರುಚದೆ ಯಾವ ದಿಕ್ಕಿನಿಂದಲೂ ಓದಬಹುದು. ಎಲೆಕ್ಟ್ರಿಷಿಯನ್ನರಿಗೆ ಪರಿಚಿತವಾದ ಫೆರೂಲ್, ಬಿಸಿ ತಾಗಿದರೆ ಕುಗ್ಗುವ ಕೊಳವೆ ಇವೂ ಒಳ್ಳೆಯವೇ. ಆದರೆ ತುದಿಗೆ ಕನೆಕ್ಟರ್ ಹಾಕುವ ಮೊದಲೇ ಅವನ್ನು ಒಳಗೆ ಸೇರಿಸಿರಬೇಕು.

ಕೇಬಲ್ಲಿಗೆ ಮಾತ್ರ ಹೆಸರಿಟ್ಟರೆ ಸಾಲದು. ರ‍್ಯಾಕ್ ಕೋಣೆಯ ಬಾಗಿಲು, ರ‍್ಯಾಕ್, ಪ್ಯಾನಲ್, ಟ್ರೇ, ಶಾಫ್ಟಿನಲ್ಲಿ ಬೆಂಕಿ ಹರಡದಂತೆ ಮುಚ್ಚಿದ ರಂಧ್ರಗಳು, ಅರ್ಥಿಂಗ್ ಪಟ್ಟಿ, ಎಲ್ಲಕ್ಕೂ ಗುರುತು ಬೇಕು. ಬೆಂಕಿ ತಡೆಯುವ ಮುಚ್ಚಳವನ್ನು ಒಡೆದು ಹೊಸ ಕೇಬಲ್ ತೂರಿಸಿ ಹಾಗೇ ಬಿಟ್ಟುಹೋದರೆ ಹೊಗೆಗೆ ಮಹಡಿಯಿಂದ ಮಹಡಿಗೆ ದಾರಿಯಾಗುತ್ತದೆ. ಅದಕ್ಕೊಂದು ನಂಬರ್ ಇದ್ದರೆ ಯಾರೋ ಒಬ್ಬರು ಅದನ್ನು ಪರಿಶೀಲನೆಯ ಪಟ್ಟಿಗೆ ಸೇರಿಸುತ್ತಾರೆ. ಅರ್ಥಿಂಗ್ ತಂತಿಗೆ ‘ಸಡಿಲವಾಗಿದ್ದರೆ ಅಥವಾ ಬಿಚ್ಚಬೇಕಿದ್ದರೆ ಕಟ್ಟಡದ ಹೊಣೆಗಾರರಿಗೆ ತಿಳಿಸಿ’ ಎಂಬ ಎಚ್ಚರಿಕೆಯ ಪಟ್ಟಿ ಕಟ್ಟುವುದು ಒಳ್ಳೆಯ ಪದ್ಧತಿ.

ಬಣ್ಣದ ಮಾತು

ಬಣ್ಣ ದೂರದಿಂದಲೇ ಮಾತಾಡುತ್ತದೆ. ಕೇಬಲ್‌ಗಳು ಬಂದು ಮುಗಿಯುವ ಜಾಗಗಳಿಗೆ 606 ಮಾನಕ ಬಣ್ಣಗಳನ್ನು ಗೊತ್ತುಮಾಡಿದೆ. ಸೇವಾ ಕಂಪನಿಯ ತಂತಿ ಬಂದು ನಿಲ್ಲುವ ಗಡಿಗೆ ಕಿತ್ತಳೆ. ಅದರ ಈಚೆಯ ಗ್ರಾಹಕರ ಬದಿಗೆ ಹಸಿರು. ಸ್ವಿಚ್, ಇಪಿಎಬಿಎಕ್ಸ್‌ನಂಥ ಸಾಮಾನ್ಯ ಯಂತ್ರಗಳಿಗೆ ನೇರಳೆ. ಮೊದಲ ಹಂತದ ಬೆನ್ನೆಲುಬಿಗೆ ಬಿಳಿ, ಎರಡನೆಯ ಹಂತಕ್ಕೆ ಬೂದು, ಕಟ್ಟಡದಿಂದ ಕಟ್ಟಡಕ್ಕೆ ಹೋಗುವುದಕ್ಕೆ ಕಂದು. ಗೋಡೆಯ ಪಾಯಿಂಟುಗಳಿಂದ ಬರುವ ಕೇಬಲ್‌ಗಳಿಗೆ ನೀಲಿ. ಅಲಾರಂನಂಥ ಇತರ ವ್ಯವಸ್ಥೆಗಳಿಗೆ ಹಳದಿ.

ಇದನ್ನು ಫೈಬರಿನ ಬಣ್ಣದ ಜೊತೆ ಕಲಸಿಕೊಳ್ಳಬಾರದು. ಅಲ್ಲಿ ಹೊರಕವಚದ ಹಳದಿ ಎಂದರೆ ಸಿಂಗಲ್ ಮೋಡ್, ಕಿತ್ತಳೆ ಎಂದರೆ ಹಳೆಯ ಪೀಳಿಗೆಯ ಮಲ್ಟಿಮೋಡ್, ಹಸಿರು ಬೆರೆತ ತಿಳಿನೀಲಿಯ ಆಕ್ವಾ ಎಂದರೆ ಅದರ ನಂತರದ ಪೀಳಿಗೆಯ ಮಲ್ಟಿಮೋಡ್ ಆದ ಒಎಂ3 ಅಥವಾ ಒಎಂ4. ಒಳಗಿನ 12 ಎಳೆಗಳಿಗೂ ಕ್ರಮವಿದೆ: ನೀಲಿ, ಕಿತ್ತಳೆ, ಹಸಿರು, ಕಂದು, ಬೂದು, ಬಿಳಿ, ಕೆಂಪು, ಕಪ್ಪು, ಹಳದಿ, ನೇರಳೆ, ಗುಲಾಬಿ, ಆಕ್ವಾ.

ದೂರವಾಣಿಯ 25 ಜೋಡಿ ಕೇಬಲ್ಲಿನ ಲೆಕ್ಕ ಇದಕ್ಕಿಂತ ಹಳೆಯದು, ಬಲು ಅಂದದ್ದು. ಬಿಳಿ, ಕೆಂಪು, ಕಪ್ಪು, ಹಳದಿ, ನೇರಳೆ ಎಂಬ ಐದು ಬಣ್ಣ ಒಂದು ಕಡೆ. ನೀಲಿ, ಕಿತ್ತಳೆ, ಹಸಿರು, ಕಂದು, ಬೂದು ಎಂಬ ಐದು ಇನ್ನೊಂದು ಕಡೆ. ಐದೈದಲ ಇಪ್ಪತ್ತೈದು. ಬಿಳಿ–ನೀಲಿ ಒಂದನೇ ಜೋಡಿ, ಕೆಂಪು–ಕಿತ್ತಳೆ ಏಳನೆಯದು, ಹಳದಿ–ಕಿತ್ತಳೆ ಹದಿನೇಳನೆಯದು. ಹತ್ತು ಬಣ್ಣಗಳನ್ನು ಬಾಯಿಪಾಠ ಮಾಡಿದವರಿಗೆ ಯಾವ ಲೇಬಲ್ಲೂ ಇಲ್ಲದೆ ಜೋಡಿಯ ನಂಬರ್ ತಿಳಿಯುತ್ತದೆ. ಕ್ಯಾಟ್ 6 ಕೇಬಲ್ಲಿನ ನಾಲ್ಕು ಜೋಡಿಗಳು ನೀಲಿ, ಕಿತ್ತಳೆ, ಹಸಿರು, ಕಂದು ಆಗಿರುವುದೂ ಈ ಕುಟುಂಬದಿಂದ ಬಂದದ್ದೇ.

ಆ ನಾಲ್ಕು ಜೋಡಿಗಳನ್ನು ಎಂಟು ಪಿನ್ನುಗಳಿಗೆ ಜೋಡಿಸಲು ಎರಡು ಕ್ರಮಗಳಿವೆ, ಟಿ568ಎ ಮತ್ತು ಟಿ568ಬಿ. ಎ ಕ್ರಮ ಬಿಳಿ–ಹಸಿರಿನಿಂದ, ಬಿ ಕ್ರಮ ಬಿಳಿ–ಕಿತ್ತಳೆಯಿಂದ ಶುರುವಾಗುತ್ತದೆ. ಎರಡೂ ಸರಿಯಾಗಿಯೇ ಕೆಲಸ ಮಾಡುತ್ತವೆ. ಆದರೆ ಒಂದು ಕಟ್ಟಡಕ್ಕೆ ಒಂದೇ ಕ್ರಮ ಇರಬೇಕು, ಯಾವುದು ಎಂದು ರ‍್ಯಾಕಿನ ಬಾಗಿಲಿನ ಒಳಬದಿಯಲ್ಲಿ ಬರೆದಿರಬೇಕು.

ಕೇಬಲ್ಲಿನ ಪಹಣಿ

ಲೇಬಲ್ ಸರ್ವೆ ನಂಬರ್ ಆದರೆ ದಾಖಲೆ ಪಹಣಿ. ಒಂದು ಕೇಬಲ್ಲಿಗೆ ಒಂದು ಸಾಲು. ನಮ್ಮ ಗ್ರಂಥಾಲಯದ ಪಾಯಿಂಟಿನ ಸಾಲು ಹೀಗಿರಬಹುದು:

ಗುರುತು: 1ಎ-ಬಿ17
ಪಾಯಿಂಟ್ ಇರುವ ಜಾಗ: ಕೋಣೆ 108, ಪೂರ್ವದ ಗೋಡೆ, ಬಾಗಿಲಿನಿಂದ ಎರಡನೆಯದು
ಕೇಬಲ್: ಕ್ಯಾಟ್ 6, 4 ಜೋಡಿ, 43 ಮೀಟರ್
ದಾರಿ: ಒಂದನೇ ಮಹಡಿಯ ಪೂರ್ವದ ಟ್ರೇ
ಜೋಡಣೆಯ ಕ್ರಮ: ಟಿ568ಬಿ
ಪರೀಕ್ಷೆ: ಪಾಸ್, ದಿನಾಂಕ, ವರದಿಯ ಕಡತದ ಹೆಸರು
ಈಗಿನ ಬಳಕೆ: ಮೊದಲ ಸ್ವಿಚ್ಚಿನ 17ನೇ ಪೋರ್ಟು, ಪುಸ್ತಕ ನೀಡುವ ಮೇಜಿನ ಕಂಪ್ಯೂಟರ್
ಕೊನೆಯ ಬದಲಾವಣೆ: ದಿನಾಂಕ, ಮಾಡಿದವರ ಹೆಸರು

ಮೊದಲ ಆರು ಕಾಲಂಗಳು ಒಮ್ಮೆ ಬರೆದರೆ ಬಹುಕಾಲ ಹಾಗೇ ಇರುತ್ತವೆ. ಕೊನೆಯ ಎರಡು ಮಾತ್ರ ಬದಲಾಗುವಂಥವು. ‘ಪ್ರಿನ್ಸಿಪಾಲ್ ರೂಮ್’ ಎಂಬ ಮಾತಿಗೆ ತಕ್ಕ ಜಾಗ ಲೇಬಲ್ ಅಲ್ಲ, ಈ ‘ಈಗಿನ ಬಳಕೆ’ಯ ಕಾಲಂ.

ಪರೀಕ್ಷಾ ವರದಿಯನ್ನು ಹಗುರವಾಗಿ ಕಾಣಬೇಡಿ. ಎಂಟು ದೀಪ ಮಿನುಗಿಸುವ ಸಣ್ಣ ಟೆಸ್ಟರ್ ತಂತಿಗಳು ಸರಿಯಾದ ಪಿನ್ನಿಗೆ ಸೇರಿವೆಯೇ ಎಂದಷ್ಟೇ ಹೇಳುತ್ತದೆ. ಪ್ರಮಾಣೀಕರಣದ ಟೆಸ್ಟರ್ ಉದ್ದ, ಸಂಕೇತ ಎಷ್ಟು ಕ್ಷೀಣಿಸುತ್ತದೆ, ಒಂದು ಜೋಡಿಯ ಸದ್ದು ಇನ್ನೊಂದಕ್ಕೆ ಎಷ್ಟು ಸೋರುತ್ತದೆ ಎಂಬುದನ್ನೆಲ್ಲ ಅಳೆದು ಪಾಸ್ ಅಥವಾ ಫೇಲ್ ಎನ್ನುತ್ತದೆ. ಆ ವರದಿಯಲ್ಲಿರುವ ಹೆಸರೂ ಲೇಬಲ್ಲಿನ ಹೆಸರೂ ಒಂದೇ ಆಗಿರಬೇಕು. ವರದಿಯಲ್ಲಿ 001, 002 ಎಂದಿದ್ದು ಗೋಡೆಯಲ್ಲಿ ಬೇರೆ ಇದ್ದರೆ ಆ ವರದಿ ಯಾವ ಕೇಬಲ್ಲಿನದು ಎಂದು ಹೇಳುವವರಿಲ್ಲ.

ಇದರ ಜೊತೆಗೆ ನಕ್ಷೆ ಬೇಕು. ಕಟ್ಟುವ ಮೊದಲು ಬರೆದ ನಕ್ಷೆ ಸಾಲದು, ನಿಜವಾಗಿ ಹೇಗೆ ಆಯಿತೋ ಹಾಗೆ ತಿದ್ದಿದ ‘ಆ್ಯಸ್ ಬಿಲ್ಟ್’ ನಕ್ಷೆ. ಪ್ರತಿ ಮಹಡಿಯ ಚಿತ್ರದ ಮೇಲೆ ಪಾಯಿಂಟುಗಳ ಗುರುತು, ಟ್ರೇಯ ದಾರಿ, ರ‍್ಯಾಕಿನ ಎದುರುನೋಟ ಇಷ್ಟಿದ್ದರೆ ಸಾಕು.

ಇದಕ್ಕೆಲ್ಲ ಯಾವ ತಂತ್ರಾಂಶ? ಇನ್ನೂರು ಪಾಯಿಂಟಿನ ಕಟ್ಟಡಕ್ಕೆ ಎಕ್ಸೆಲ್ ಕಡತ ಧಾರಾಳವಾಯಿತು. ದೊಡ್ಡ ಸಂಸ್ಥೆಗಳಿಗೆ ನೆಟ್‌ಬಾಕ್ಸ್‌ನಂಥ ಮುಕ್ತ ತಂತ್ರಾಂಶಗಳಿವೆ. ಪ್ಯಾಚ್ ಕಾರ್ಡ್ ಚುಚ್ಚಿದ್ದನ್ನು, ಕಿತ್ತದ್ದನ್ನು ತಾನೇ ಗುರುತಿಸಿ ದಾಖಲಿಸುವ ಪ್ಯಾನಲ್‌ಗಳೂ ಬಂದಿವೆ. ಆದರೆ ತಂತ್ರಾಂಶ ಬರಲಿ ಎಂದು ಕಾಯುತ್ತ ಏನೂ ಬರೆಯದಿರುವುದಕ್ಕಿಂತ, ರ‍್ಯಾಕಿನ ಬಾಗಿಲಿಗೆ ತೂಗುಹಾಕಿದ ಒಂದು ರಿಜಿಸ್ಟರ್ ಸಾವಿರ ಪಾಲು ಮೇಲು. ಅದರಲ್ಲಿ ಪಾಸ್‌ವರ್ಡುಗಳನ್ನು ಮಾತ್ರ ಬರೆಯಬೇಡಿ.

ತಂತಿ ಬದಲಾದ ಗಳಿಗೆಯಲ್ಲೇ ದಾಖಲೆ ಬದಲಾಗಬೇಕು

ದಾಖಲೆಗಳು ಒಂದೇ ದಿನದಲ್ಲಿ ಕೆಡುವುದಿಲ್ಲ. ‘ಆಮೇಲೆ ಬರೆದರಾಯಿತು’ ಎಂಬ ಒಂದೊಂದು ಮಾತಿಗೆ ಒಂದೊಂದು ಸಾಲಿನಂತೆ ಕೆಡುತ್ತ ಹೋಗುತ್ತವೆ. ಹೊಲ ಮಾರಿ ಮ್ಯುಟೇಷನ್ ಮಾಡಿಸದೆ ಬಿಟ್ಟರೆ ಮುಂದಿನ ತಲೆಮಾರು ಕೋರ್ಟಿಗೆ ಅಲೆಯುತ್ತದೆ. ಕೇಬಲ್ಲಿನಲ್ಲೂ ಕಷ್ಟ ಬೀಳುವುದು ಮುಂದೆ ಬರುವವರ ಪಾಲಿಗೇ.

ಇದಕ್ಕೊಂದು ಸರಳ ಕಟ್ಟಳೆ ಮಾಡಿಕೊಳ್ಳಿ. ಯಾವ ಬದಲಾವಣೆಗೂ ಮೊದಲು ಒಂದು ಚೀಟಿ, ಕೆಲಸ ಮುಗಿದ ಮೇಲೆ ಅದೇ ಚೀಟಿಯ ಮೇಲೆ ಏನಾಯಿತೆಂಬ ಬರಹ, ಅದನ್ನು ದಾಖಲೆಗೆ ಏರಿಸಿದ ಮೇಲೆಯೇ ಚೀಟಿ ಮುಗಿದಂತೆ. ತಿಂಗಳಿಗೊಮ್ಮೆ ಯಾವುದಾದರೂ ಹತ್ತು ಪೋರ್ಟುಗಳನ್ನು ಆರಿಸಿ ದಾಖಲೆಯನ್ನೂ ನಿಜಸ್ಥಿತಿಯನ್ನೂ ಹೋಲಿಸಿ ನೋಡಿ. ಹತ್ತರಲ್ಲಿ ಎರಡು ತಪ್ಪಿದ್ದರೂ ಚೀಟಿಯಿಲ್ಲದೆ ಯಾರೋ ತಂತಿ ಮುಟ್ಟುತ್ತಿದ್ದಾರೆ ಎಂದು ತಿಳಿಯುತ್ತದೆ.

ಈಗ ಈ ಎಚ್ಚರ ಹಿಂದೆಂದಿಗಿಂತ ಹೆಚ್ಚು ಬೇಕು. ಮೊದಲು ಈ ಕೇಬಲ್‌ಗಳಲ್ಲಿ ಮಾಹಿತಿ ಮಾತ್ರ ಹರಿಯುತ್ತಿತ್ತು. 2003ರಲ್ಲಿ ಬಂದ ಮಾನಕ ಅದರಲ್ಲೇ 15.4 ವ್ಯಾಟ್ ವಿದ್ಯುತ್ತನ್ನೂ ಕಳುಹಿಸಿತು, 2018ರ ಮಾನಕ ಅದನ್ನು 90 ವ್ಯಾಟ್‌ಗೆ ಏರಿಸಿತು. ಇಂದು ಸಿಸಿಟಿವಿ ಕ್ಯಾಮೆರಾ, ವೈಫೈ ಪೆಟ್ಟಿಗೆ, ಬಾಗಿಲಿನ ಬೀಗ, ಮೇಜಿನ ಫೋನ್ ಎಲ್ಲವೂ ಇದರಿಂದಲೇ ಉಸಿರಾಡುತ್ತವೆ. ತಪ್ಪು ಕೇಬಲ್ ಕಿತ್ತರೆ ಗೇಟಿನ ಕ್ಯಾಮೆರಾ ಕುರುಡಾಗುತ್ತದೆ, ಆಸ್ಪತ್ರೆಯ ದಾದಿಯರ ಮೇಜಿನ ಫೋನ್ ಸತ್ತುಹೋಗುತ್ತದೆ.

ಹಳೆಯ ಕಟ್ಟಡದಲ್ಲಿ ಎಲ್ಲಿಂದ ಶುರು?

ಹೆಸರಿಲ್ಲದ ಕಟ್ಟಡವನ್ನು ಕಂಡು ಕೈಚೆಲ್ಲಬೇಕಿಲ್ಲ. ಮೊದಲ ದಿನ ಯಾವ ಕೇಬಲ್ಲನ್ನೂ ಕೀಳಬೇಡಿ, ಕಟ್ಟಬೇಡಿ. ರ‍್ಯಾಕಿನ ಮುಂದೆ ಹಿಂದೆ ಫೋಟೋ ತೆಗೆಯಿರಿ. ಮಹಡಿ, ಕೋಣೆ, ಪ್ಯಾನಲ್‌ಗಳಿಗೆ ಗುರುತು ಕೊಟ್ಟು ಪ್ಯಾನಲ್ಲಿನ ಪೋರ್ಟುಗಳ ಮೇಲೆ ಲೇಬಲ್ ಅಂಟಿಸಿಬಿಡಿ. ಗೋಡೆಯ ತುದಿ ಗೊತ್ತಿಲ್ಲದಿದ್ದರೂ ರ‍್ಯಾಕಿನ ತುದಿ ಗೊತ್ತಿದೆಯಲ್ಲ, ಗುರುತು ಹುಟ್ಟುವುದು ಅಲ್ಲಿಂದಲೇ.

ಮುಂದೆ ಇಬ್ಬರು ಬೇಕು. ಒಬ್ಬರು ಕೋಣೆಯ ಪಾಯಿಂಟಿಗೆ ಟೋನರ್ ಜೋಡಿಸುತ್ತಾರೆ, ಅದು ಕೇಬಲ್ಲಿನೊಳಗೆ ಒಂದು ನಾದವನ್ನು ಕಳುಹಿಸುತ್ತದೆ. ಇನ್ನೊಬ್ಬರು ರ‍್ಯಾಕಿನಲ್ಲಿ ಟೋನರಿನ ಜೊತೆ ಬರುವ ಶೋಧಕ ಕಡ್ಡಿಯನ್ನು ಕೇಬಲ್‌ಗಳ ಬಳಿ ಆಡಿಸುತ್ತ ಹೋದರೆ ಸರಿಯಾದದ್ದರ ಹತ್ತಿರ ಸದ್ದು ಜೋರಾಗುತ್ತದೆ. ಓಡುತ್ತಿರುವ ಪೋರ್ಟಿಗೆ ಟೋನರ್ ಹಾಕಬೇಡಿ, ಅದಕ್ಕೆ ಬೇರೆ ಉಪಾಯವಿದೆ. ಯಾವ ಪೋರ್ಟಿನಲ್ಲಿ ಯಾವ ಯಂತ್ರದ ಮ್ಯಾಕ್ ವಿಳಾಸ ಕಾಣುತ್ತಿದೆ ಎಂಬ ಪಟ್ಟಿ ಸ್ವಿಚ್ಚಿನಲ್ಲೇ ಸಿಗುತ್ತದೆ. ಎಲ್‌ಎಲ್‌ಡಿಪಿ ಎಂಬ ವ್ಯವಸ್ಥೆ ಇರುವ ಫೋನ್, ವೈಫೈ ಪೆಟ್ಟಿಗೆಗಳು ತಮ್ಮ ಹೆಸರನ್ನು ತಾವೇ ಪಕ್ಕದ ಸ್ವಿಚ್ಚಿಗೆ ಹೇಳಿಕೊಂಡಿರುತ್ತವೆ. ಆಸ್ಪತ್ರೆ, ಕಚೇರಿಗಳಲ್ಲಿ ಕೆಲಸ ನಿಲ್ಲಿಸದೆ ಅರ್ಧಕ್ಕೂ ಹೆಚ್ಚು ಕೇಬಲ್‌ಗಳನ್ನು ಹೀಗೆಯೇ ಗುರುತಿಸಬಹುದು.

ಕೊನೆಗೆ ಕೆಲವು ಅನಾಥ ಕೇಬಲ್‌ಗಳು ಉಳಿಯುತ್ತವೆ. ಒಂದು ತುದಿ ಇದೆ, ಇನ್ನೊಂದು ಸೀಲಿಂಗಿನೊಳಗೆ ಎಲ್ಲೋ ಕತ್ತರಿಸಿಹೋಗಿದೆ. ಅಮೆರಿಕದ ವಿದ್ಯುತ್ ಸಂಹಿತೆ 2002ರಿಂದ ಇಂಥ ಕೇಬಲ್‌ಗಳಲ್ಲಿ ಕೈಗೆಟುಕುವ ಭಾಗವನ್ನು ತೆಗೆಯಬೇಕು, ಇಲ್ಲವೇ ಮುಂದಿನ ಬಳಕೆಗೆಂದು ಪಟ್ಟಿ ಕಟ್ಟಿಡಬೇಕು ಎನ್ನುತ್ತದೆ. ಸೀಲಿಂಗಿನ ಮೇಲೆ ರಾಶಿಬಿದ್ದ ಪ್ಲಾಸ್ಟಿಕ್ ಕವಚ ಬೆಂಕಿಗೂ ಹೊಗೆಗೂ ಆಹಾರ ಎಂಬುದು ಅದರ ಕಾರಣ. ಆ ಕಾರಣ ನಮ್ಮ ಕಟ್ಟಡಗಳಿಗೂ ಅಷ್ಟೇ ಸಲ್ಲುತ್ತದೆ.

ಬಿಲ್ ಪಾಸ್ ಮಾಡುವ ಮೊದಲು

ಹೊಸ ಕಟ್ಟಡ ಕಟ್ಟಿಸುವವರು, ಅಪಾರ್ಟ್‌ಮೆಂಟ್ ಸಂಘದವರು, ಶಾಲಾ ಆಡಳಿತದವರು ಒಂದು ಮಾತನ್ನು ಒಪ್ಪಂದದಲ್ಲೇ ಬರೆಸಬೇಕು. ಎರಡೂ ತುದಿಗೆ ಅಚ್ಚಿನ ಲೇಬಲ್, ತಿದ್ದಿದ ನಕ್ಷೆ, ಪ್ರತಿ ಕೇಬಲ್ಲಿನ ಪರೀಕ್ಷಾ ವರದಿ, ಕಂಪ್ಯೂಟರಿನಲ್ಲಿ ತಿದ್ದಲು ಬರುವ ಪಟ್ಟಿ, ಈ ನಾಲ್ಕು ಕೈಸೇರಿದ ಮೇಲೆಯೇ ಕೊನೆಯ ಕಂತು. ಪಡೆದುಕೊಳ್ಳುವ ದಿನ ನೀವೇ ಐದು ಪಾಯಿಂಟುಗಳನ್ನು ಆರಿಸಿ, ಗೋಡೆಯಲ್ಲಿ ಓದಿ, ರ‍್ಯಾಕಿಗೆ ನಡೆದುಹೋಗಿ ಹೊಂದುತ್ತದೆಯೇ ನೋಡಿ. ಇದಕ್ಕೆ ಎಂಜಿನಿಯರ್ ಆಗಿರಬೇಕಿಲ್ಲ. ಮನೆ ಕಟ್ಟಿಸುವವರೂ ಅಷ್ಟೇ. ಗಿಲಾವು ಮಾಡುವ ಮೊದಲು ಗೋಡೆಗಳ ಫೋಟೋ ತೆಗೆದು ಕೋಣೆಯ ಹೆಸರಿನೊಂದಿಗೆ ಇಟ್ಟುಕೊಂಡರೆ, ಮುಂದೊಂದು ದಿನ ಮೊಳೆ ಹೊಡೆಯುವಾಗ ತಂತಿ ಎಲ್ಲಿದೆ ಎಂದು ಗೊತ್ತಾಗುತ್ತದೆ.

ನಾನು ಮೊದಲು ಹೇಳಿದ ಕಾಲೇಜಿನಲ್ಲಿ ಆ ಪ್ರವೇಶಾತಿ ಮುಗಿದ ಮೇಲೆ ಎರಡು ಭಾನುವಾರ ಕೂತು ಎಲ್ಲ ಕೇಬಲ್‌ಗಳಿಗೂ ಗುರುತು ಹಾಕಿದೆವು. ಬಾಗಿಲಿಗೊಂದು ರಿಜಿಸ್ಟರ್ ಕಟ್ಟಿ ಬಂದೆವು. ಒಂದೂವರೆ ವರ್ಷದ ಮೇಲೆ ಬೇರೆ ಕೆಲಸಕ್ಕೆಂದು ಅಲ್ಲಿಗೆ ಹೋದಾಗ ಅದನ್ನು ತೆರೆದು ನೋಡಿದೆ. ನನಗೆ ಪರಿಚಯವಿಲ್ಲದ ಕೈಬರಹದಲ್ಲಿ ಒಂದು ಸಾಲು ಇತ್ತು: ‘0ಎ-ಎ09, ಶುಲ್ಕದ ಕೌಂಟರ್, ಕಾರ್ಡ್ ಬದಲಿಸಿದೆ, ಬೆಳಿಗ್ಗೆ 10.20.’ ಅದರ ಹಿಂದಿನ ಕಾಲಂನಲ್ಲಿ ದೂರು ಬಂದ ಹೊತ್ತು 10.15 ಎಂದಿತ್ತು.